ಲೇತ್ ಕೊಳ್ಳಲು ಹೊರಟವರಿಗೆ ಕುಟ್ಟದಿಂದ ಕೆಲವು ಪಾಠಗಳು

ಕೊಡಗಿನ ಕುಟ್ಟದಲ್ಲಿ ವರ್ಕ್‌ಶಾಪ್ ಇಟ್ಟವನಿಗೆ ಕೆಲಸ ಕಾಫಿ ತೋಟದಿಂದ ಬರುತ್ತದೆ. ನವೆಂಬರಿನಿಂದ ಪಲ್ಪರ್ ಶಾಫ್ಟು, ಬುಷ್ಷು. ಫೆಬ್ರವರಿ ಬಂತೆಂದರೆ ಹೂಮಳೆಗೆ ಕಾಯಲಾಗದೆ ಸ್ಪ್ರಿಂಕ್ಲರ್ ಹಾಕುವವರ ಪಂಪ್‌ಸೆಟ್. ನಡುನಡುವೆ ಜೀಪಿನ ಹಬ್ಬು, ಗೇಟಿನ ಹಿಂಜು. ಆದರೆ ಆ ಕೆಲಸ ಮಾಡುವ ಮಷೀನಿನ ರೇಟು ತೋಟದಲ್ಲಿ ಹುಟ್ಟುವುದಿಲ್ಲ. ಅದು ಪೀಣ್ಯ, ರಾಜಕೋಟ್, ಕೊಯಮತ್ತೂರು, ಪಂಜಾಬಿನ ಬಟಾಲ, ಲೂಧಿಯಾನಗಳಲ್ಲಿ ನಿಂತು ನಮ್ಮ ಹತ್ತಿರ ಬರುತ್ತದೆ. ಶ್ರೀಮಂಗಲ, ಗೋಣಿಕೊಪ್ಪ, ಗಡಿಯಾಚೆಯ ಕಾಟಿಕುಳಂನಿಂದ ಹುಡುಗರು ಬಂದು ‘ಅಣ್ಣಾ, ಯಾವ ಲೇತ್ ತಗೊಳ್ಳಲಿ, ಎಷ್ಟು ಕೊಡಬಹುದು’ ಅಂತ ಕೇಳುತ್ತಾರೆ. ಅವರಿಗೆ ಹೇಳುವುದನ್ನೇ ಇಲ್ಲಿ ಬರೆದಿದ್ದೇನೆ.

1. ಅಡಿ ಲೆಕ್ಕ ಸಾಲದು, ತೂಕ ಕೇಳಿ.

ಡೀಲರುಗಳು ‘ನಾಲ್ಕೂವರೆ ಅಡಿ, ಆರಡಿ, ಎಂಟಡಿ’ ಎಂದು ಬೆಡ್ಡಿನ ಉದ್ದದಲ್ಲಿ ರೇಟು ಹೇಳುತ್ತಾರೆ. ಆರಡಿ ಲೇತ್ ಎಂದರೆ ಆರಡಿ ಶಾಫ್ಟ್ ಹಿಡಿಯುತ್ತದೆ ಎಂದುಕೊಂಡು ಬರುವವರಿದ್ದಾರೆ; ಹೆಡ್‌ಸ್ಟಾಕ್, ಟೇಲ್‌ಸ್ಟಾಕ್ ಕಳೆದರೆ ಎರಡು ಸೆಂಟರಿನ ನಡುವೆ ಸಿಗುವುದು ಸುಮಾರು ಒಂದು ಮೀಟರ್ ಅಷ್ಟೇ. ಅದೇ ಆರಡಿಯಲ್ಲಿ ಬೆಲ್ಟಿನದೂ ಉಂಟು, ಆಲ್ ಗೇರ್ಡೂ ಉಂಟು, ಹೆವಿ ಡ್ಯೂಟಿಯೂ ಉಂಟು. ಬೆಲೆ ಒಂದಕ್ಕೆರಡು, ಒಂದಕ್ಕೆ ಮೂರು. ಎರಡು ಕೊಟೇಶನ್ ಪಕ್ಕಪಕ್ಕ ಇಟ್ಟು ಕೆ.ಜಿ.ಗೆ ಎಷ್ಟು ಬಿತ್ತು ಎಂದು ಭಾಗಿಸಿ ನೋಡಿ. ಅಗ್ಗದ್ದು ಯಾಕೆ ಅಗ್ಗ ಎಂಬುದು ಅಲ್ಲೇ ತಿಳಿಯುತ್ತದೆ. ಬೀಡು ಕಡಿಮೆಯಾದ ಮಷೀನಿನಲ್ಲಿ ಸ್ವಲ್ಪ ಆಳದ ಕಟ್ ಕೊಟ್ಟರೆ ಜಾಬ್ ನಡುಗುತ್ತದೆ. ಸ್ಪಿಂಡಲ್ ಬೋರ್ ಕೂಡ ಕೇಳಿ. ಉದ್ದದ ಶಾಫ್ಟು ಅದರೊಳಗೆ ತೂರದಿದ್ದರೆ ಅರ್ಧ ಕೆಲಸ ವಾಪಸ್ ಕಳಿಸಬೇಕಾಗುತ್ತದೆ.

2. ಹಳೆಯ ಹೆಸರಿಗೆ ಹಣ ಕೊಡಬಹುದು, ಹೆಸರಿನ ತಗಡಿಗಲ್ಲ.

ಹರಿಹರದ ಮೈಸೂರು ಕಿರ್ಲೋಸ್ಕರ್ ಶುರುವಾದದ್ದು 1941ರಲ್ಲಿ. ಮುಚ್ಚಿ ಎರಡು ದಶಕಕ್ಕೂ ಮೇಲಾಯಿತು. ಸ್ವಿಸ್ ಕಂಪನಿ ಓರ್ಲಿಕಾನ್ ಸಹಯೋಗದಲ್ಲಿ 1953ರಲ್ಲಿ ಬೆಂಗಳೂರಿನ ಜಾಲಹಳ್ಳಿಯಲ್ಲಿ ಹುಟ್ಟಿದ ಎಚ್‌ಎಂಟಿಯ ಹಳೆ ಲೇತುಗಳಿಗೆ ಇವತ್ತಿಗೂ ಗಿರಾಕಿ ಇದ್ದಾರೆ. ಎಚ್‌ಎಂಟಿ ಎನ್‌ಎಚ್ 26, ಎಲ್‌ಬಿ 17, ಎಚ್ 22, ಕಿರ್ಲೋಸ್ಕರ್ ಟರ್ನ್‌ಮಾಸ್ಟರ್ — ಇವು ವಯಸ್ಸಾದರೂ ಹೊಸ ಲೈಟ್ ಲೇತಿಗಿಂತ ಹೆಚ್ಚಿಗೆ ಮಾರುವುದುಂಟು. ಅದರಲ್ಲಿ ಅನ್ಯಾಯವೇನೂ ಇಲ್ಲ. ಎರಕ ಗಟ್ಟಿ, ಬೆಡ್ ಹಾರ್ಡನ್ ಮಾಡಿದ್ದು, ಗೇರು ಬೇರಿಂಗು ಹಳೆ ಮಷೀನಿನ ಅಂಗಡಿಗಳಲ್ಲಿ ಸಿಗುತ್ತವೆ. ಆದರೆ ಅದೇ ಕಾರಣಕ್ಕೆ ಹಸಿರು ಪೇಂಟ್ ಹೊಡೆದು, ತಗಡು ಹಚ್ಚಿ ನಿಲ್ಲಿಸಿದ್ದೂ ಸಿಗುತ್ತದೆ. ಹೊಸ ಪೇಂಟ್ ಕಂಡರೆ ನನಗೆ ಮೊದಲು ಅನುಮಾನ. ಎಣ್ಣೆ ಮೆತ್ತಿಕೊಂಡ, ಕರಿ ಹಿಡಿದ ಮಷೀನೇ ವಾಸಿ; ಅದು ಏನನ್ನೂ ಮುಚ್ಚಿಟ್ಟಿರುವುದಿಲ್ಲ.

3. ಬೆಡ್ ನೋಡದೆ ಬೆಲೆ ಮಾತಾಡಬೇಡಿ.

ಲೇತ್ ಬೆಡ್ ಸಮನಾಗಿ ಸವೆಯುವುದಿಲ್ಲ. ಕೆಲಸವೆಲ್ಲ ಚಕ್ಕಿನ ಹತ್ತಿರ ನಡೆಯುವುದರಿಂದ ಸವೆತವೂ ಅಲ್ಲೇ; ಟೇಲ್‌ಸ್ಟಾಕ್ ಕಡೆಯ ತುದಿ ಹೊಸದರಂತೆ ಉಳಿದಿರುತ್ತದೆ. ಪರೀಕ್ಷೆ ಸುಲಭ. ಸ್ಯಾಡಲನ್ನು ಚಕ್ ಪಕ್ಕಕ್ಕೆ ತಂದು, ಕೆಳಗಿನ ಪಟ್ಟಿಯನ್ನು ಆಟವಿಲ್ಲದಂತೆ ಬಿಗಿ ಮಾಡಿ. ಈಗ ಕೈಚಕ್ರ ತಿರುಗಿಸುತ್ತ ಟೇಲ್‌ಸ್ಟಾಕ್ ಕಡೆಗೆ ತನ್ನಿ. ಅಲ್ಲಿಯವರೆಗೂ ಒಂದೇ ಹದದಲ್ಲಿ ಬಂದರೆ ಬೆಡ್ ಚೆನ್ನಾಗಿದೆ. ನಡುದಾರಿಯಲ್ಲೇ ಕಚ್ಚಿಕೊಂಡು ನಿಂತರೆ ಚಕ್ ಬದಿ ತಗ್ಗಾಗಿದೆ ಎಂದರ್ಥ. ಆಗ ಬ್ರೋಕರ್ ‘ಎಣ್ಣೆ ಒಣಗಿದೆ ಅಷ್ಟೇ’ ಅನ್ನುತ್ತಾನೆ. ಎಣ್ಣೆ ಹಾಕಿಸಿ ಇನ್ನೊಮ್ಮೆ ತಿರುಗಿಸಿ.

ಅದಾದ ಮೇಲೆ ಒಂದು ರಾಡ್ ಚಕ್ಕಿಗೆ ಹಿಡಿದು, ನಾಲ್ಕಿಂಚು ಹೊರಗೆ ಬಿಟ್ಟು, ಟೇಲ್‌ಸ್ಟಾಕ್ ಕೊಡದೆ ಹಗುರ ಕಟ್ ಹಾಕಿಸಿ. ಮೈಕ್ರೊಮೀಟರಿನಲ್ಲಿ ಎರಡೂ ತುದಿ ಅಳೆಯಿರಿ. ಎರಡು ಮೂರು ಪಾಯಿಂಟಿನ ವ್ಯತ್ಯಾಸಕ್ಕೆ ತೋಟದ ಕೆಲಸ ನಿಲ್ಲುವುದಿಲ್ಲ. ಹತ್ತು ಪಾಯಿಂಟ್ ಬಂದರೆ ಬೇರಿಂಗ್ ಕೂರುವ ಶಾಫ್ಟ್ ಅದರಲ್ಲಿ ಆಗದು. ‘ಬೆಡ್ ಗ್ರೈಂಡಿಂಗ್ ಮಾಡಿಸಿದರೆ ಸರಿಹೋಗುತ್ತದೆ’ ಎನ್ನುವುದು ನಿಜವೇ. ಆದರೆ ಗ್ರೈಂಡ್ ಮಾಡಿದಷ್ಟು ಸ್ಯಾಡಲ್ ಕೆಳಗಿಳಿಯುತ್ತದೆ, ಲೀಡ್‌ಸ್ಕ್ರೂ ಸಾಲು ತಪ್ಪುತ್ತದೆ, ಟರ್ಸೈಟ್ ಪಟ್ಟಿ ಅಂಟಿಸಿ ಎತ್ತಬೇಕಾಗುತ್ತದೆ. ಆ ಖರ್ಚು, ಬೆಂಗಳೂರಿಗೆ ಹೋಗಿಬರುವ ಲಾರಿ ಬಾಡಿಗೆ ಎಲ್ಲ ಕೂಡಿಸಿಯೇ ಬೆಲೆ ಹೇಳಿ. ಬೆಡ್ಡೂ ಹೋಗಿ ಚೇಂಜ್ ಗೇರುಗಳೂ ಕಾಣೆಯಾಗಿದ್ದರೆ ಗುಜರಿ ರೇಟಿನ ಮೇಲೆ ಹೆಚ್ಚು ಏರಬೇಡಿ.

4. ಹಳೆ ಮಷೀನ್ ಯಾವಾಗ ಹೊರಬರುತ್ತದೆಂದು ತಿಳಿದಿರಿ.

ಪೀಣ್ಯದ ಸಣ್ಣ ಕಾರ್ಖಾನೆಗಳು ಸಿಎನ್‌ಸಿಗೆ ಹೋದ ಹಾಗೆಲ್ಲ ಕೈಲೇತುಗಳು ಮೂಲೆ ಸೇರುತ್ತವೆ. ತುಮಕೂರು ರಸ್ತೆಯ ಬಿಐಇಸಿಯಲ್ಲಿ ಜನವರಿಯಲ್ಲಿ ಇಮ್‌ಟೆಕ್ಸ್ ಮೇಳ. ಲೋಹ ಕೊರೆಯುವ ಮಷೀನುಗಳದ್ದು 2023, 2025ರಂತೆ ವರ್ಷ ಬಿಟ್ಟು ವರ್ಷ. ಅಲ್ಲಿ ಹೊಸದನ್ನು ಬುಕ್ ಮಾಡಿದವರು ಕೆಲವು ತಿಂಗಳಾದ ಮೇಲೆ ಹಳೆಯದಕ್ಕೆ ಜಾಗವಿಲ್ಲ ಅನ್ನುತ್ತಾರೆ. ಇನ್ನೊಂದು ಕಾಲ ಸೆಪ್ಟೆಂಬರ್. ವರ್ಷದಲ್ಲಿ 180 ದಿನಕ್ಕಿಂತ ಕಡಿಮೆ ಬಳಸಿದ ಹೊಸ ಮಷೀನಿಗೆ ಆದಾಯ ತೆರಿಗೆಯಲ್ಲಿ ಸವಕಳಿ ಅರ್ಧ ಮಾತ್ರ, ಹಾಗಾಗಿ ಲೆಕ್ಕ ಬಲ್ಲವರು ಅಕ್ಟೋಬರ್ ಮೊದಲ ದಿನಗಳೊಳಗೆ ಹೊಸದನ್ನು ಕೂರಿಸುತ್ತಾರೆ. ಜಾಗ ಖಾಲಿ ಮಾಡುವ ಅವಸರ ಮಾರುವವನಿಗೆ ಇದ್ದಾಗ ಕೊಳ್ಳುವುದು ಜಾಣತನ. ಆಯುಧಪೂಜೆಗೆ ಹೊಸ ಲೇತ್ ಇರಲೇಬೇಕೆಂದು ಹಿಂದಿನ ವಾರ ಓಡುವವನಿಗೆ ಯಾರೂ ಬೆಲೆ ಇಳಿಸುವುದಿಲ್ಲ.

5. ಕಾಫಿ ರೇಟು ನೋಡಿ ಮಷೀನ್ ರೇಟು ಊಹಿಸಬೇಡಿ.

2024-25ರಲ್ಲಿ ಲಂಡನ್ ಮಾರುಕಟ್ಟೆಯಲ್ಲಿ ರೋಬಸ್ಟಾ ಟನ್ನಿಗೆ 5,000 ಡಾಲರ್ ದಾಟಿದಾಗ ನಮ್ಮ ಕಡೆ ಎಲ್ಲರ ಕೈಯೂ ಸ್ವಲ್ಪ ಸಡಿಲವಾಯಿತು. ಕೊಡಗಿನವರು ಅಂದ ಕೂಡಲೇ ಡೀಲರ್ ಬಾಯಲ್ಲಿ ರೇಟು ಏರಿದ್ದೂ ಉಂಟು. ಮಷೀನಿನ ಬೆಲೆ ಕಬ್ಬಿಣ, ಬೀಡು, ವಾಹನ ಕಂಪನಿಗಳ ಆರ್ಡರ್ ನೋಡಿ ಏರಿಳಿಯುತ್ತದೆ. 2022ರ ಮೇ ತಿಂಗಳಲ್ಲಿ ಕೇಂದ್ರ ಸರಕಾರ ಉಕ್ಕಿನ ರಫ್ತಿಗೆ 15 ಪರ್ಸೆಂಟ್ ಸುಂಕ ಹಾಕಿ ನವೆಂಬರಿನಲ್ಲಿ ತೆಗೆಯಿತು. ಹೊಸ ಮಷೀನಿನ ಬೆಲೆ ಮಾತಾಡುವವನು ಕಣ್ಣಿಡಬೇಕಾದದ್ದು ಅಂಥ ಸುದ್ದಿಯ ಮೇಲೆ. ಟೂಲಿನದು ಬೇರೆಯೇ ದಾರಿ. 2025ರ ಫೆಬ್ರವರಿಯಲ್ಲಿ ಚೀನಾ ಟಂಗ್‌ಸ್ಟನ್ ರಫ್ತಿಗೆ ಕಡಿವಾಣ ಹಾಕಿತು. ಕಾರ್ಬೈಡ್ ಟಿಪ್ಪಿನ ಜೀವ ಟಂಗ್‌ಸ್ಟನ್.

6. ಬಿಲ್ ಇಲ್ಲದ ಅಗ್ಗ ದುಬಾರಿ.

ಲೇತಿಗೆ ಜಿಎಸ್‌ಟಿ 18 ಪರ್ಸೆಂಟ್. ಎರಡು ಲಕ್ಷದ ಮಷೀನಿಗೆ 36,000. ವರ್ಷಕ್ಕೆ 20 ಲಕ್ಷದೊಳಗೆ ಜಾಬ್ ವರ್ಕ್ ಮಾಡುವವರು ನೋಂದಣಿ ಮಾಡಿಸಲೇಬೇಕೆಂದಿಲ್ಲ, ಆದರೆ ಮಾಡಿಸದಿದ್ದರೆ ಆ 36,000 ಅವರ ಕೈಯಿಂದಲೇ ಹೋದಂತೆ. ‘ಬಿಲ್ ಬೇಡ ಅಂದ್ರೆ ಬಿಟ್ಟುಕೊಡ್ತೀನಿ’ ಎಂಬ ಮಾತಿಗೆ ತಲೆಯಾಡಿಸಬೇಡಿ. 50,000 ದಾಟಿದ ಸರಕಿಗೆ ಇ-ವೇ ಬಿಲ್ ಬೇಕು. ಬ್ಯಾಂಕ್ ಸಾಲಕ್ಕೂ ಬಿಲ್ ಬೇಕು. ನಾಳೆ ನೀವು ಮಾರುವಾಗ ಕೊಳ್ಳುವವನೂ ಅದನ್ನೇ ಕೇಳುತ್ತಾನೆ.

7. ಕುಟ್ಟ ತಲುಪಿದ ಮೇಲಿನ ಬೆಲೆಯೇ ಬೆಲೆ.

ನಾಗರಹೊಳೆ ಕಾಡಿನ ದಾರಿ ಸಂಜೆ ಆರಕ್ಕೆ ಮುಚ್ಚುತ್ತದೆ. ಹಾಗಾಗಿ ಲಾರಿಯವನು ಗೋಣಿಕೊಪ್ಪ, ಶ್ರೀಮಂಗಲ ಸುತ್ತಿಯೇ ಬರುವಂತೆ ಮೊದಲೇ ಹೇಳಿ; ಇಳಿಸುವ ಖರ್ಚು ಯಾರದೆಂದು ಬರೆಸಿಕೊಳ್ಳಿ. ಕರೆಂಟ್ ಕೊಡುವ ಸೆಸ್ಕ್‌ನಿಂದ ತ್ರೀ ಫೇಸ್ ಸಿಗುವುದು ತಡವಾದರೆ ವಿಎಫ್‌ಡಿ ಹಾಕಿ ಸಿಂಗಲ್ ಫೇಸಿನಲ್ಲಿ ಓಡಿಸಬಹುದು, ಆದರೆ ಆ ಡ್ರೈವ್ ಹೊರಗೆ ಕೊಡುವುದು 230 ವೋಲ್ಟ್. ಮೋಟಾರನ್ನು ಡೆಲ್ಟಾಕ್ಕೆ ಬದಲಿಸಲು ಬರುತ್ತದೆಯೇ ಎಂದು ಅದರ ಪ್ಲೇಟ್ ಓದಿ. ಜೂನ್ ಮಳೆಗೆ ಮುಂಚೆ ಬೆಡ್ಡಿಗೆ ಗ್ರೀಸ್ ಸವರಿ. ಗೋಣಿಚೀಲ ಹೊದಿಸಬೇಡಿ, ಅದು ತೇವ ಹೀರಿ ಬೆಡ್ಡಿಗೇ ಕೊಡುತ್ತದೆ.

8. ಸಿಎನ್‌ಸಿ?

ಒಂದೇ ಪೀಸನ್ನು ಸಾವಿರ ಸಲ ಮಾಡುವವರಿಗೆ. ನಮ್ಮಲ್ಲಿ ಒಂದು ಪೀಸ್ ಸಾವಿರ ನಮೂನೆಯಲ್ಲಿ ಬರುತ್ತದೆ. ಕುಟ್ಟಕ್ಕೆ ಬೆಡ್ ಸರಿಯಿರುವ ಹಳೆ ಎಚ್‌ಎಂಟಿ ಸಾಕು. ಅದು ಸಿಗದಿದ್ದರೆ ತೂಕ ಇರುವ ಹೊಸ ಆಲ್ ಗೇರ್ಡ್. ನೋಡಲು ಹೋಗುವಾಗ ಮೈಕ್ರೊಮೀಟರ್ ಜೇಬಿನಲ್ಲಿರಲಿ. ಇಲ್ಲದವರು ನನ್ನ ಶೆಡ್ಡಿಗೆ ಬಂದು ಒಯ್ಯಿರಿ, ಮುಂಗಡ ಕೊಡುವ ಮೊದಲು ಬಂದರೆ ಸಾಕು.