ಫೊರ್ಮಿಗ

ಪೋರ್ಚುಗೀಸ್ ಭಾಷೆಯಲ್ಲಿ ‘ಫೊರ್ಮಿಗ’ ಎಂದರೆ ಇರುವೆ. ಬ್ರೆಜಿಲ್ ದೇಶದ ಮಿರೈಲ್ಡಿಸ್ ಮಸಿಯೆಲ್ ಮೋಟ ಎಂಬ ಕಾಲ್ಚೆಂಡಾಟಗಾರ್ತಿಯನ್ನು ಕ್ರೀಡಾಲೋಕವು ಈ ಹೆಸರಿನಿಂದಲೇ ಬಲ್ಲದು. ಚಿಕ್ಕಂದಿನಲ್ಲಿ ಆಕೆ ತನಗಾಗಿ ಆಡದೆ ತಂಡಕ್ಕಾಗಿ ದುಡಿಯುತ್ತಿದ್ದುದನ್ನು ಕಂಡವರು ಇಟ್ಟ ಅಡ್ಡಹೆಸರು ಅದು.

ಆಕೆ ಹುಟ್ಟಿದ್ದು 1978ರ ಮಾರ್ಚ್ 3ರಂದು, ಬ್ರೆಜಿಲಿನ ಈಶಾನ್ಯ ಕರಾವಳಿಯ ಸಾಲ್ವಡೋರ್ ನಗರದಲ್ಲಿ. ಕಾಲ್ಚೆಂಡಾಟವೆಂದರೆ ಊಟ ನಿದ್ರೆಗಳನ್ನೂ ಮರೆಯುವ ನಾಡು ಅದು. ಆದರೆ ಆ ಸಂಭ್ರಮವೆಲ್ಲ ಗಂಡಸರ ಪಾಲಿನದಾಗಿತ್ತು. ಸ್ತ್ರೀಸ್ವಭಾವಕ್ಕೆ ಹೊಂದದ ಆಟಗಳನ್ನು ಹೆಂಗಸರು ಆಡಕೂಡದೆಂದು ಗೆಟೂಲಿಯೊ ವರ್ಗಾಸನ ಸರಕಾರವು 1941ರಲ್ಲಿಯೇ ಶಾಸನ ಮಾಡಿತ್ತು. 1965ರಲ್ಲಿ ಕಾಲ್ಚೆಂಡಾಟದ ಹೆಸರನ್ನೇ ಎತ್ತಿ ಹೇಳಿ ನಿಷೇಧವನ್ನು ಬಿಗಿಗೊಳಿಸಲಾಯಿತು. ಆ ಸ್ವಭಾವ ಎಂಥದೆಂದು ಹೆಂಗಸರನ್ನು ಯಾರೂ ಕೇಳಿದಂತಿಲ್ಲ! 1979ರಲ್ಲಿ ನಿಷೇಧ ರದ್ದಾದಾಗ ಮಿರೈಲ್ಡಿಸ್ ಇನ್ನೂ ಎಳೆಯ ಕೂಸು.

ಕಾನೂನು ತೊಲಗಿದರೂ ಜನರ ಮನಸ್ಸು ಅಷ್ಟು ಬೇಗ ಬದಲಾಗಲಿಲ್ಲ. ಹುಡುಗರೊಡನೆ ಬೀದಿಯಲ್ಲಿ ಚೆಂಡಾಡುವ ಹುಡುಗಿಯನ್ನು ಕಂಡು ಆಡಿಕೊಂಡವರು ಹಲವರು. ಒಡಹುಟ್ಟಿದವರಿಗೂ ಅದು ಹಿಡಿಸಲಿಲ್ಲ. ತಾಯಿ ಮಾತ್ರ ಮಗಳ ಬೆನ್ನಿಗೆ ನಿಂತಳು. ರಾಷ್ಟ್ರೀಯ ತಂಡದ ಸ್ಥಿತಿಯೂ ಉತ್ತಮವಾಗಿರಲಿಲ್ಲ. 1988ರಲ್ಲಿ ಚೀನದಲ್ಲಿ ನಡೆದ ಪ್ರಾಯೋಗಿಕ ಪಂದ್ಯಾವಳಿಗೆ ಹೊರಟ ಬ್ರೆಜಿಲಿನ ಮಹಿಳೆಯರಿಗೆ ದೊರೆತದ್ದು ಗಂಡಸರ ತಂಡದವರು ಬಿಟ್ಟ ಉಡುಪುಗಳು.

1995ರಲ್ಲಿ ಸ್ವೀಡನ್ನಿನಲ್ಲಿ ನಡೆದ ವಿಶ್ವಕಪ್ಪಿಗೆ ಫೊರ್ಮಿಗ ಆಯ್ಕೆಯಾದಾಗ ಆಕೆಗೆ ಹದಿನೇಳು ವರ್ಷ. ಮರುವರ್ಷ ಅಟ್ಲಾಂಟದಲ್ಲಿ ಮಹಿಳೆಯರ ಕಾಲ್ಚೆಂಡಾಟವು ಮೊದಲ ಬಾರಿಗೆ ಒಲಿಂಪಿಕ್ ಕ್ರೀಡಾಕೂಟವನ್ನು ಪ್ರವೇಶಿಸಿತು. ಅಲ್ಲಿಯೂ ಆಕೆ ಇದ್ದಳು.

ಆಕೆಯ ಸ್ಥಾನ ಮೈದಾನದ ನಡುಭಾಗ. ಎದುರಾಳಿಯ ಕಾಲಿನಿಂದ ಚೆಂಡನ್ನು ಕಸಿಯುವುದು, ರಕ್ಷಣೆಯವರು ಸೋತಾಗ ಹಿಂದಕ್ಕೆ ಧಾವಿಸುವುದು, ಮರುಕ್ಷಣವೇ ಮುಂದಿನವರಿಗೆ ಚೆಂಡನ್ನು ಒದಗಿಸುವುದು, ಇವು ಮಧ್ಯಮೈದಾನದವರ ಕೆಲಸಗಳು. ಪಂದ್ಯ ಮುಗಿಯುವವರೆಗೆ ಅವರಿಗೆ ಬಿಡುವಿಲ್ಲ. ಆದರೆ ಪ್ರೇಕ್ಷಕರ ಕಣ್ಣು ಗೋಲು ಹೊಡೆದವರ ಮೇಲೆ. ಅದೇ ತಂಡದ ಮಾರ್ತಾಳ ಹೆಸರು ದೇಶದೇಶಗಳಲ್ಲಿ ಮೊಳಗಿತು. ಹಿಂದೆ ನಿಂತು ದುಡಿದ ಫೊರ್ಮಿಗಳನ್ನು ಗುರುತಿಸಿದವರು ಕಡಮೆ.

ಅತ್ಯುನ್ನತ ಗೆಲುವು ಮಾತ್ರ ಪ್ರತಿ ಬಾರಿಯೂ ಕೈಗೆ ಬಂದು ಜಾರಿತು. 2004ರಲ್ಲಿ ಆಥೆನ್ಸ್ ಒಲಿಂಪಿಕ್ಸಿನ ಅಂತಿಮ ಪಂದ್ಯದಲ್ಲಿ ಬ್ರೆಜಿಲ್ ಹೆಚ್ಚುವರಿ ಅವಧಿಯಲ್ಲಿ ಅಮೆರಿಕಕ್ಕೆ ಸೋತಿತು. 2007ರ ವಿಶ್ವಕಪ್ಪಿನ ಅಂತಿಮ ಪಂದ್ಯದಲ್ಲಿ ಜರ್ಮನಿ ಗೆದ್ದಿತು. 2008ರಲ್ಲಿ ಬೀಜಿಂಗಿನಲ್ಲಿ ಪುನಃ ಅಮೆರಿಕ, ಪುನಃ ಹೆಚ್ಚುವರಿ ಅವಧಿ, ಒಂದೇ ಒಂದು ಗೋಲಿನ ಅಂತರ. ಎರಡು ಬೆಳ್ಳಿಯ ಪದಕಗಳು ಆಕೆಯ ಪಾಲಿಗೆ ಬಂದವು, ಚಿನ್ನ ಬರಲಿಲ್ಲ.

2015ರಲ್ಲಿ ಕೆನಡದ ಮಾಂಟ್ರಿಯಲ್ ನಗರದಲ್ಲಿ ದಕ್ಷಿಣ ಕೊರಿಯದ ಆಟಗಾರ್ತಿಯೊಬ್ಬಳು ಹಿಂದಕ್ಕೆ ಒದ್ದ ಚೆಂಡನ್ನು ನಡುವೆಯೇ ಹಿಡಿದು ಫೊರ್ಮಿಗ ಗೋಲು ಹೊಡೆದಳು. ಆಗ ಆಕೆಗೆ ಮೂವತ್ತೇಳು ವರ್ಷ. ಮಹಿಳಾ ವಿಶ್ವಕಪ್ಪಿನಲ್ಲಿ ಅಷ್ಟು ವಯಸ್ಸಾದವರು ಅದುವರೆಗೆ ಗೋಲು ಹೊಡೆದಿರಲಿಲ್ಲ. 2016ರಲ್ಲಿ ರಾಷ್ಟ್ರೀಯ ತಂಡದಿಂದ ನಿವೃತ್ತಳಾದಳು. ಆದರೆ ಆಕೆಯ ಜಾಗವನ್ನು ತುಂಬುವವರು ಸಿಕ್ಕಲಿಲ್ಲ. ತರಬೇತುದಾರರ ಕೋರಿಕೆಯಂತೆ 2018ರಲ್ಲಿ ಮರಳಿ ಬಂದಳು. 2019ರಲ್ಲಿ ಫ್ರಾನ್ಸಿನಲ್ಲಿ ಆಡಿದ್ದು ಏಳನೆಯ ವಿಶ್ವಕಪ್. ಗಂಡಸರಲ್ಲಾಗಲಿ ಹೆಂಗಸರಲ್ಲಾಗಲಿ ಅದಕ್ಕೆ ಮೊದಲು ಯಾರೂ ಏಳು ವಿಶ್ವಕಪ್ ಆಡಿದವರಿರಲಿಲ್ಲ. 2021ರಲ್ಲಿ ಟೋಕಿಯೋದಲ್ಲಿ ಏಳನೆಯ ಒಲಿಂಪಿಕ್ಸನ್ನೂ ಪೂರೈಸಿದಳು.

ಅದೇ ವರ್ಷದ ನವೆಂಬರ್ 25ರಂದು ಅಮೆಜಾನ್ ಪ್ರದೇಶದ ಮನೌಸ್ ನಗರದಲ್ಲಿ ಆಕೆಯ ಬೀಳ್ಕೊಡುಗೆಯ ಪಂದ್ಯ ನಡೆಯಿತು. ಎದುರು ನಿಂತದ್ದು ನಮ್ಮ ಭಾರತದ ತಂಡ. ಬ್ರೆಜಿಲ್ 6–1ರಿಂದ ಗೆದ್ದಿತು. ನಲವತ್ತಮೂರು ವರ್ಷದ ಫೊರ್ಮಿಗ ಆಟದ ಕೊನೆಯ ಭಾಗದಲ್ಲಿ ಮೈದಾನಕ್ಕಿಳಿದಳು. ಭಾರತದ ಆ ಒಂದು ಗೋಲನ್ನು ಹೊಡೆದವಳು ಪಂಜಾಬಿನ ಮನೀಷಾ ಕಲ್ಯಾಣ್. 2001ರಲ್ಲಿ ಮನೀಷಾ ಹುಟ್ಟುವ ವೇಳೆಗೆ ಫೊರ್ಮಿಗ ಎರಡು ವಿಶ್ವಕಪ್‌ಗಳನ್ನೂ ಎರಡು ಒಲಿಂಪಿಕ್ ಕ್ರೀಡಾಕೂಟಗಳನ್ನೂ ಆಡಿ ಮುಗಿಸಿದ್ದಳು.