ಸೇವ್ ಫೈಲ್ ಜೋಪಾನ: ಭಾಗದಿಂದ ಭಾಗಕ್ಕೆ ಆಡುವ ಮಕ್ಕಳಿಗೆ ಕಿವಿಮಾತು

ಏಪ್ರಿಲ್ ರಜೆ ಶುರುವಾದರೆ ಗೊಟ್ಟಿಗೆರೆಯ ನಮ್ಮ ಬೀದಿಯಲ್ಲಿ ಬ್ಯಾಟಿಗಿಂತ ಗೇಮ್ ಕಂಟ್ರೋಲರ್‌ಗೇ ಹೆಚ್ಚು ಕೆಲಸ. ಗೇಮ್ ವಿಷಯ ಕೇಳಿಕೊಂಡು ನನ್ನ ಹತ್ತಿರ ಬರುವ ಮಕ್ಕಳದ್ದು ಹೆಚ್ಚಾಗಿ ಒಂದೇ ದೂರು: "ಅಂಕಲ್, ಫಸ್ಟ್ ಪಾರ್ಟ್ ಮುಗಿಸಿದೀನಿ, ಸೆಕೆಂಡ್ ಪಾರ್ಟಲ್ಲಿ ನನ್ನ ಸೇವ್ ತೋರಿಸ್ತಾನೇ ಇಲ್ಲ."

ಪಾತ್ರವನ್ನು ಬೆಳೆಸುತ್ತಾ ಹೋಗುವ ಆರ್‌ಪಿಜಿಗಳಲ್ಲಿ ಒಂದೇ ಕಥೆ ಮೂರು ನಾಲ್ಕು ಭಾಗಗಳಿಗೆ ಹಬ್ಬಿರುತ್ತದೆ. ಮೊದಲ ಭಾಗದಲ್ಲಿ ಗಳಿಸಿದ ಲೆವೆಲ್ಲು, ಆಯುಧ, ಸ್ನೇಹ, ದ್ವೇಷ ಎಲ್ಲವೂ ಮುಂದಿನದಕ್ಕೆ ಹೋದರೇ ಆಟಕ್ಕೆ ರುಚಿ. ನಮ್ಮ ಕಡೆ ಸೈಟು ಕೊಂಡವರಿಗೆ ಮದರ್ ಡೀಡ್ ಅಂದರೇನು ಎಂದು ಬಿಡಿಸಿ ಹೇಳಬೇಕಿಲ್ಲ. ಮೂಲಪತ್ರ ಇಲ್ಲದಿದ್ದರೆ ಮುಂದಿನ ಯಾವ ಕ್ರಯಪತ್ರಕ್ಕೂ ಬಲವಿಲ್ಲ. ಮೊದಲ ಭಾಗದ ಸೇವ್ ಕೂಡ ಅಂಥದೇ. ಗೇಮ್ ಕಳೆದುಹೋದರೆ ಸೇಲ್‌ನಲ್ಲಿ ಮತ್ತೆ ಕೊಳ್ಳಬಹುದು. ತಿಂಗಳುಗಟ್ಟಲೆ ಆಡಿ ಮಾಡಿಕೊಂಡ ಸೇವ್ ಯಾವ ಅಂಗಡಿಯಲ್ಲೂ ಸಿಗುವುದಿಲ್ಲ. ಅದಕ್ಕೇ ಈ ಪಟ್ಟಿ.

ಶುರು ಮಾಡುವ ಮುಂಚೆ

• ಒಟ್ಟಿಗೆ ಮಾರಿದ ಮಾತ್ರಕ್ಕೆ ಸೇವ್ ತಾನಾಗಿ ಮುಂದಕ್ಕೆ ಹೋಗುತ್ತದೆ ಎಂದುಕೊಳ್ಳಬೇಡಿ. 'ಡಾಟ್ ಹ್ಯಾಕ್ ಜಿ.ಯು.' ಪ್ಲೇಸ್ಟೇಷನ್ 2ರಲ್ಲಿ ಮೂರು ಬೇರೆ ಬೇರೆ ಡಿಸ್ಕ್‌ಗಳಾಗಿ ಬಂದಿತ್ತು. 2017ರಲ್ಲಿ ಹೊಸದಾಗಿ ನಾಲ್ಕನೇ ಭಾಗವನ್ನೂ ಸೇರಿಸಿ 'ಲಾಸ್ಟ್ ರೀಕೋಡ್' ಹೆಸರಿನ ಕಲೆಕ್ಷನ್ ಮಾಡಿದರು. ಎಲ್ಲ ಭಾಗಗಳೂ ಒಂದೇ ಕಡೆ ಇವೆ, ನಿಜ. ಆದರೆ ಎರಡನೇ ಭಾಗ ಶುರು ಮಾಡುವಾಗ ಮೊದಲ ಭಾಗದ ಸೇವ್ ಅನ್ನು ನೀವೇ ಆರಿಸಿ ಒಳಗೆ ತರಬೇಕು. ಅವಸರದಲ್ಲಿ ಹೊಸ ಆಟ ಒತ್ತಿದರೆ ಬರಿಗೈಯಲ್ಲಿ ಶುರು.

• ಏನು ಹೋಗುತ್ತದೆ, ಏನು ಉಳಿಯುತ್ತದೆ ಎಂದು ಮೊದಲೇ ವಿಚಾರಿಸಿ. 1998ರ 'ಬಾಲ್ಡರ್ಸ್ ಗೇಟ್'ನ ನಾಯಕನನ್ನು 2000ದ ಎರಡನೇ ಭಾಗಕ್ಕೆ ತಂದರೆ ಅವನ ಅನುಭವ ಜೊತೆಗೆ ಬರುತ್ತದೆ. ಕೂಡಿಟ್ಟ ಆಯುಧ, ಕವಚಗಳಲ್ಲಿ ಮುಕ್ಕಾಲುಪಾಲು ಬರುವುದಿಲ್ಲ, ಏಕೆಂದರೆ ಕಥೆ ಶುರುವಾಗುವುದೇ ಸೆರೆಮನೆಯಲ್ಲಿ. ತಮಾಷೆಯೆಂದರೆ, ಮೊದಲ ಭಾಗದ ಒಂದು ಹೋಟೆಲಿನಲ್ಲಿ ಒಬ್ಬ ಶ್ರೀಮಂತ ನಿಮ್ಮನ್ನು ಆಳು ಎಂದುಕೊಂಡು ಕೈಗೆ ಕೊಡುವ ಚಿನ್ನದ ಪ್ಯಾಂಟು ದಾಟಿಬರುತ್ತದೆ. ಆಗ ಅದರಿಂದ ಯಾವ ಉಪಯೋಗವೂ ಇಲ್ಲ. ಮುಂದೆ ಬೆಳ್ಳಿಯದೂ ಕಂಚಿನದೂ ಸಿಕ್ಕಿ ಮೂರೂ ಸೇರಿದರೆ ಭಾರಿ ಕವಚವೊಂದು ತಯಾರಾಗುತ್ತದೆ. ತಿಳಿದವರು ಅದನ್ನು ಮಾರುವುದಿಲ್ಲ.

• ಎಲ್ಲ ಭಾಗಗಳನ್ನೂ ಒಂದೇ ಯಂತ್ರದಲ್ಲಿ ಆಡಲು ನಿರ್ಧರಿಸಿ. ಮೊದಲ ಭಾಗ ಅಣ್ಣನ ಪಿಎಸ್4ನಲ್ಲಿ, ಎರಡನೆಯದು ಸ್ವಿಚ್‌ನಲ್ಲಿ ಎಂದರೆ ಸಾಮಾನ್ಯವಾಗಿ ಸೇವ್ ಹಿಂದೆಯೇ ಉಳಿಯುತ್ತದೆ.

• ಡಿಸ್ಕ್ ಎಲ್ಲಿಯದು ನೋಡಿ. ದುಬೈ ಚಿಕ್ಕಪ್ಪ ಒಂದು ತಂದುಕೊಡುತ್ತಾರೆ, ಅಮೆರಿಕದ ಅತ್ತೆ ಇನ್ನೊಂದು ತರುತ್ತಾರೆ. ಪಿಎಸ್4ನಲ್ಲಿ ಯಾವ ದೇಶದ ಡಿಸ್ಕಾದರೂ ಓಡುತ್ತದೆ, ಆದರೆ ಒಂದು ದೇಶದ ಆವೃತ್ತಿಯ ಸೇವ್ ಇನ್ನೊಂದರ ಕಣ್ಣಿಗೆ ಬೀಳದಿರುವುದೇ ಹೆಚ್ಚು. ಸರಣಿಯ ಎಲ್ಲ ಭಾಗಗಳನ್ನೂ ಒಂದೇ ಕಡೆಯಿಂದ ತರಿಸಿಕೊಳ್ಳಿ.

ಆಡುವಾಗ

• ಒಂದೇ ಸ್ಲಾಟಿನ ಮೇಲೆ ಮತ್ತೆ ಮತ್ತೆ ಸೇವ್ ಮಾಡಬೇಡಿ. ಕನಿಷ್ಠ ಮೂರು ಸ್ಲಾಟ್ ಇರಲಿ: ದಿನನಿತ್ಯಕ್ಕೆ ಒಂದು, ದೊಡ್ಡ ತೀರ್ಮಾನ ಬರುವ ಮುಂಚೆ ಒಂದು, ಕೊನೆಯ ಬಾಸ್ ಬಾಗಿಲಲ್ಲಿ ಒಂದು.

• ಆಟ ಮುಗಿದ ಮೇಲೆ ಹೆಸರುಗಳು ಓಡುತ್ತವಲ್ಲ, ಆಗ ಎದ್ದುಹೋಗಬೇಡಿ. ಎಷ್ಟೋ ಗೇಮ್‌ಗಳು ಆ ಪಟ್ಟಿಯೆಲ್ಲ ಮುಗಿದ ನಂತರವೇ ಸೇವ್ ಮಾಡಲೇ ಎಂದು ಕೇಳುತ್ತವೆ. ಮುಂದಿನ ಭಾಗ ಹುಡುಕುವ ಕ್ಲಿಯರ್ ಡೇಟಾ ಅದೇ. ಅಮ್ಮ ಊಟಕ್ಕೆ ಕರೆದರೆಂದು ಟಿ.ವಿ. ಆರಿಸಿ, ಯಂತ್ರವನ್ನು ಮಾತ್ರ ಆರಿಸಬೇಡಿ.

• ಕ್ಲಿಯರ್ ಡೇಟಾ ಇದ್ದವರಿಗೇ ಸಿಗುವ ಬಹುಮಾನಗಳಿವೆ. 1998ರ 'ಸುಯ್ಕೊಡೆನ್ 2'ರಲ್ಲಿ ಮೊದಲ ಭಾಗದ ಸೇವ್ ತಂದವರ ತಂಡಕ್ಕೆ ಮಾತ್ರ ಆ ಕಥೆಯ ನಾಯಕನೇ ಬಂದು ಸೇರುತ್ತಾನೆ. ಎರಡೂ ಭಾಗಗಳು 2025ರ ಮಾರ್ಚ್‌ನಲ್ಲಿ ಒಂದೇ ಕಲೆಕ್ಷನ್ನಾಗಿ ಮತ್ತೆ ಬಂದಿವೆ. ಆಡುವವರು ಎರಡನೆಯದರಿಂದ ಶುರು ಮಾಡಬೇಡಿ.

• ತೀರ್ಮಾನಗಳು ದೂರ ಹೋಗುತ್ತವೆ. 'ಮಾಸ್ ಎಫೆಕ್ಟ್' 2007, 2010, 2012ರಲ್ಲಿ ಮೂರು ಭಾಗಗಳಾಗಿ ಬಂದು, 2021ರ ಮೇ ತಿಂಗಳಲ್ಲಿ 'ಲೆಜೆಂಡರಿ ಎಡಿಷನ್' ಆಯಿತು. ಮೊದಲ ಭಾಗದ ವರ್ಮೈರ್ ಗ್ರಹದಲ್ಲಿ ರೆಕ್ಸ್ ಎಂಬ ಜೊತೆಗಾರನಿಗೆ ನೀವು ಸಮಾಧಾನ ಹೇಳಿದಿರೋ ಗುಂಡು ಹೊಡೆದಿರೋ ಎನ್ನುವುದನ್ನು ಮೂರನೇ ಭಾಗ ನೆನಪಿಟ್ಟಿರುತ್ತದೆ. ಎರಡನೇ ಭಾಗದ ಕೊನೆಯ ಕಾರ್ಯಾಚರಣೆಯಲ್ಲಿ ನಾಯಕ ಶೆಪರ್ಡ್ ಸತ್ತರೆ ಆ ಸೇವ್ ಮೂರನೆಯದಕ್ಕೆ ಹೋಗುವುದೇ ಇಲ್ಲ. ಹಾಗಾಗಿ ಆ ಕಾರ್ಯಾಚರಣೆಗೆ ಹೊರಡುವ ಮುಂಚಿನ ಸೇವ್ ಕೈಯಲ್ಲಿರಲಿ.

• ಹಾಗೆಂದು ಪ್ರತಿ ಮಾತಿಗೂ ಹಿಂದಿನ ಸೇವ್ ತೆಗೆದು ತಿದ್ದುತ್ತಾ ಕೂರಬೇಡಿ. ಎಲ್ಲರೂ ಬದುಕಿ ಎಲ್ಲವೂ ಸರಿಹೋದ ಸೇವ್ ಯಾರ ಹತ್ತಿರ ಬೇಕಾದರೂ ಸಿಗುತ್ತದೆ. ನಿಮ್ಮದು ನಿಮ್ಮ ಹಾಗೇ ಇರಲಿ.

• ಬರೆದಿಡುವುದಾದರೆ ಎರಡು ಸಲ ಓದಿ ಬರೆಯಿರಿ. 2001ರ 'ಗೋಲ್ಡನ್ ಸನ್' ಮುಂದಿನ ಭಾಗಕ್ಕೆ ಹೋಗಲು ಎರಡು ದಾರಿ ಕೊಟ್ಟಿತ್ತು: ಎರಡು ಗೇಮ್‌ಬಾಯ್ ಅಡ್ವಾನ್ಸ್ ಜೋಡಿಸುವ ಕೇಬಲ್, ಇಲ್ಲವೇ ಪಾಸ್‌ವರ್ಡ್. ಲೆವೆಲ್ಲು, ವಸ್ತು, ನಾಣ್ಯ ಎಲ್ಲ ಬೇಕೆಂದರೆ ಆ ಪಾಸ್‌ವರ್ಡ್ 260 ಅಕ್ಷರಗಳಷ್ಟು ಉದ್ದ! ಈಗ ಕೈಯಲ್ಲಿ ಮೊಬೈಲ್ ಇದೆ, ಪರದೆಯ ಫೋಟೊ ತೆಗೆದಿಡಿ.

ಯಂತ್ರಕ್ಕೆ ತಕ್ಕ ಎಚ್ಚರ

• ಪಿ.ಸಿ.ಯಲ್ಲಿ ಸೇವ್ ಎಲ್ಲಿ ಕೂತಿದೆ ಎಂದು ಮೊದಲ ದಿನವೇ ಹುಡುಕಿಟ್ಟುಕೊಳ್ಳಿ. ಕೆಲವು ಗೇಮ್‌ಗಳು ಡಾಕ್ಯುಮೆಂಟ್ಸ್ ಫೋಲ್ಡರಿನಲ್ಲಿ ಇಡುತ್ತವೆ, ಕೆಲವು ಕಣ್ಣಿಗೆ ಕಾಣದ ಆ್ಯಪ್‌ಡೇಟಾದಲ್ಲಿ, ಕೆಲವು ಸ್ಟೀಮ್‌ನ ಫೋಲ್ಡರಿನೊಳಗೆ. ಇಡೀ ಫೋಲ್ಡರನ್ನು ಪೆನ್‌ಡ್ರೈವಿಗೆ ಕಾಪಿ ಮಾಡಿ, ಹೆಸರಿನಲ್ಲಿ ಭಾಗವನ್ನೂ ತಾರೀಖನ್ನೂ ಬರೆಯಿರಿ. ಕಟ್ ಮಾಡಬೇಡಿ, ಕಾಪಿ ಮಾಡಿ.

• ಸ್ಟೀಮ್ ಕ್ಲೌಡ್ ಇದೆಯಲ್ಲ ಎಂದು ನಿಶ್ಚಿಂತರಾಗಬೇಡಿ. ಎಲ್ಲ ಗೇಮ್‌ಗೂ ಆ ಸೌಲಭ್ಯವಿಲ್ಲ. ಇರುವಲ್ಲೂ ಕೆಲವೊಮ್ಮೆ ಕ್ಲೌಡಿನ ಸೇವ್ ಬೇಕೋ ಈ ಕಂಪ್ಯೂಟರಿನದು ಬೇಕೋ ಎಂದು ಕೇಳುತ್ತದೆ. ತಾರೀಖು, ಗಂಟೆ ನೋಡದೆ ಒತ್ತಿದರೆ ಹಳೆಯದು ಹೊಸದನ್ನು ಅಳಿಸಿಹಾಕುತ್ತದೆ.

• ಪಿಎಸ್4 ಗೇಮಿನ ಸೇವ್ ಅನ್ನು ಯು.ಎಸ್.ಬಿ.ಗೆ ಕಾಪಿ ಮಾಡಬಹುದು. ಪಿಎಸ್5 ಗೇಮಿನದನ್ನು ಹಾಗೆ ತೆಗೆಯಲು ಬರುವುದಿಲ್ಲ. ಅದಕ್ಕೆ ಸುಲಭದ ದಾರಿ ಕ್ಲೌಡ್, ಕ್ಲೌಡಿಗೆ ಪಿಎಸ್ ಪ್ಲಸ್ ಚಂದಾ ಬೇಕು. ಚಂದಾ ಮುಗಿಯುವ ತಾರೀಖನ್ನು ಕ್ಯಾಲೆಂಡರಿನಲ್ಲಿ ಗುರುತು ಹಾಕಿಕೊಳ್ಳಿ.

• ಸ್ವಿಚ್‌ನಲ್ಲಿ ಗೇಮ್ ಮೆಮೊರಿ ಕಾರ್ಡಿನಲ್ಲಿದ್ದರೂ ಸೇವ್ ಇರುವುದು ಯಂತ್ರದ ಒಳಗೆ. ಕಾರ್ಡು ತೆಗೆದು ಬೇರೆ ಸ್ವಿಚ್‌ಗೆ ಹಾಕಿದರೆ ಸೇವ್ ಬರುವುದಿಲ್ಲ. ಯಂತ್ರದಿಂದ ಯಂತ್ರಕ್ಕೆ ವರ್ಗಾಯಿಸುವ ಸೌಲಭ್ಯ ಇದೆ, ಆದರೆ ವರ್ಗಾಯಿಸಿದ ಮೇಲೆ ಮೊದಲಿನದರಲ್ಲಿ ಉಳಿಯುವುದಿಲ್ಲ. ಹಳೆಯದನ್ನು ಮಾರುವ ಮುಂಚೆ ಹೊಸದರಲ್ಲಿ ಸೇವ್ ತೆರೆದು ನೋಡಿ.

• ಸೇವ್ ನಿಮ್ಮ ಅಕೌಂಟಿಗೆ ಅಂಟಿಕೊಂಡಿರುತ್ತದೆ. ಮೊದಲ ಭಾಗವನ್ನು ಅಕ್ಕನ ಅಕೌಂಟಿನಲ್ಲಿ ಆಡಿ ಎರಡನೆಯದನ್ನು ನಿಮ್ಮದರಲ್ಲಿ ತೆರೆದರೆ ಏನೂ ಕಾಣುವುದಿಲ್ಲ. ನಮ್ಮ ಬೀದಿಯ ಅರ್ಧ ದೂರುಗಳ ಮೂಲ ಇದೇ. ಸೇವ್ ಹೋಗಿಲ್ಲ, ಪಕ್ಕದ ಹೆಸರಿನಲ್ಲಿ ಕೂತಿದೆ.

• ಸೇವ್ ತರುವ ಮುಂಚೆ ಎರಡೂ ಭಾಗಗಳಿಗೆ ಅಪ್‌ಡೇಟ್ ಹಾಕಿ. 2012ರಲ್ಲಿ 'ಮಾಸ್ ಎಫೆಕ್ಟ್ 3' ಬಂದ ಹೊಸದರಲ್ಲಿ, ಮೊದಲ ಭಾಗದಲ್ಲಿ ರೂಪಿಸಿದ ಮುಖ ಮೂರನೆಯದಕ್ಕೆ ಸರಿಯಾಗಿ ಬರುತ್ತಿರಲಿಲ್ಲ. ಸರಿಹೋದದ್ದು ಅಪ್‌ಡೇಟ್ ಬಂದ ಮೇಲೆ. ಹೆಚ್ಚುವರಿ ಕಂತು ಕೊಂಡು ಆಡಿದ ಸೇವ್ ಅನ್ನು ಕೆಲವು ಗೇಮ್‌ಗಳು ಆ ಕಂತು ಇಲ್ಲದ ಕಡೆ ತೆರೆಯಲು ಒಪ್ಪುವುದಿಲ್ಲ, ಅದನ್ನೂ ಹಾಕಿಕೊಳ್ಳಿ.

ನಮ್ಮ ಊರಿಗೆ ತಕ್ಕ ಎಚ್ಚರ

• ಮುಂಗಾರಿಗೆ ಮುಂಚಿನ ಗುಡುಗು ಮಳೆ ಸಂಜೆಗೇ ಬರುತ್ತದೆ, ಅದರ ಜೊತೆ ಕರೆಂಟೂ ಹೋಗುತ್ತದೆ. ಸೇವ್ ಆಗುತ್ತಿರುವಾಗ ಕರೆಂಟ್ ಹೋದರೆ ಫೈಲ್ ಕೆಡಬಹುದು. ಬನ್ನೇರುಘಟ್ಟದ ಕಡೆ ಆಕಾಶ ಕಪ್ಪಾದರೆ ಹೊಸ ಗುಹೆಗೆ ಇಳಿಯಬೇಡಿ, ಸೇವ್ ಮಾಡಿ ಎದ್ದುಬಿಡಿ.

• ಮನೆಯಲ್ಲಿ ಇನ್ವರ್ಟರ್ ಇದ್ದರೆ ಅದರ ಹಿಂದೆ ಯು.ಪಿ.ಎಸ್. ಮೋಡ್ ಎಂಬ ಸ್ವಿಚ್ ಇದೆಯೇ ನೋಡಿ. ಸಾಮಾನ್ಯ ಮೋಡಿನಲ್ಲಿ ಕರೆಂಟ್ ಬದಲಾಗುವ ಆ ಕ್ಷಣಕ್ಕೇ ಡೆಸ್ಕ್‌ಟಾಪ್ ಆರಿಹೋಗುವುದುಂಟು. ಇನ್ವರ್ಟರ್ ಇಲ್ಲದವರು ಸಣ್ಣದೊಂದು ಯು.ಪಿ.ಎಸ್. ಇಟ್ಟುಕೊಳ್ಳಿ.

• ಗೇಮಿಂಗ್ ಕೆಫೆಯಲ್ಲಿ ಆಡುವ ಹುಡುಗರು ಗಮನಿಸಿ. ಕೆಲವು ಕೆಫೆಗಳ ಕಂಪ್ಯೂಟರುಗಳಲ್ಲಿ ಆರಿಸಿ ಹಾಕಿದೊಡನೆ ಎಲ್ಲವನ್ನೂ ಮೊದಲಿನಂತೆ ಮಾಡುವ ತಂತ್ರಾಂಶ ಇರುತ್ತದೆ. ನಿಮ್ಮ ಸೇವ್ ಆ ರಾತ್ರಿಯೇ ಮಾಯ. ಮಾಲೀಕರನ್ನು ಕೇಳಿ, ಪ್ರತಿ ಸಲ ಏಳುವ ಮುಂಚೆ ಪೆನ್‌ಡ್ರೈವಿಗೆ ಹಾಕಿಕೊಳ್ಳಿ.

• ಕಂಪ್ಯೂಟರ್ ನಿಧಾನ ಆಯಿತೆಂದು ರಿಪೇರಿಗೆ ಕೊಟ್ಟರೆ ಮೊದಲು ಕೇಳುವ ಮಾತು "ಫಾರ್ಮ್ಯಾಟ್ ಮಾಡಿಬಿಡ್ಲಾ?" ಎಂಬುದು. ಹೂಂ ಅನ್ನುವ ಮುಂಚೆ ಸೇವ್ ಫೋಲ್ಡರ್ ಹೊರಗೆ ಬಂದಿರಬೇಕು. ಅವರು ಫೋಟೊ, ಡಾಕ್ಯುಮೆಂಟು ತೆಗೆದಿಡುತ್ತಾರೆ, ಆ್ಯಪ್‌ಡೇಟಾ ಯಾರಿಗೂ ನೆನಪಾಗುವುದಿಲ್ಲ.

• ಪೆನ್‌ಡ್ರೈವ್ ಬೇಕಾದರೆ ಮಾರ್ಕೆಟ್ ಬಸ್ ಹತ್ತಿ ಎಸ್.ಪಿ. ರೋಡಿಗೆ ಹೋಗಿ, ಬಿಲ್ ಕೊಡುವ ಅಂಗಡಿಯಲ್ಲೇ ಕೊಳ್ಳಿ. ನಂಬಲಾರದಷ್ಟು ಕಡಿಮೆ ಬೆಲೆಗೆ ನಂಬಲಾರದಷ್ಟು ಜಾಗ ಇದೆ ಎನ್ನುವ ಡ್ರೈವ್‌ಗಳು ತುಂಬಿದ ಮೇಲೆ ಹಳೆಯದನ್ನೇ ತಿಂದುಹಾಕುತ್ತವೆ. ಸೇವ್ ಫೈಲ್‌ಗಳಿಗೆ ದೊಡ್ಡ ಡ್ರೈವ್ ಬೇಕಾಗಿಯೂ ಇಲ್ಲ.

• ಬನ್ನೇರುಘಟ್ಟ ರಸ್ತೆಯ ಪಿ.ಜಿ.ಗಳಲ್ಲಿರುವ ಕಾಲೇಜು ಹುಡುಗರೇ, ರೂಮ್ ಬದಲಿಸುವ ದಿನ ಕನ್ಸೋಲ್ ಅನ್ನು ಟೆಂಪೋದಲ್ಲಿ ಹಾಕಬೇಡಿ, ಕೈಯಲ್ಲೇ ಹಿಡಿದುಕೊಂಡು ಹೋಗಿ. ಸೇವ್‌ನ ಇನ್ನೊಂದು ಪ್ರತಿ ಊರಿನ ಮನೆಯಲ್ಲಿರಲಿ.

ಕಳೆದೇ ಹೋದರೆ

• ಆಟ ನಿಲ್ಲಿಸಬೇಡಿ. ಸೇವ್ ಇಲ್ಲದವರಿಗೂ ಒಳ್ಳೆಯ ಗೇಮ್‌ಗಳು ಬಾಗಿಲು ತೆರೆದಿಡುತ್ತವೆ. 2015ರ 'ವಿಚರ್ 3' ಆರಂಭದಲ್ಲೇ ನಾಯಕನನ್ನು ವಿಚಾರಣೆ ಮಾಡುವ ನೆಪದಲ್ಲಿ ಹಿಂದಿನ ಭಾಗದಲ್ಲಿ ಏನು ಮಾಡಿದಿರಿ ಎಂದು ನಿಮ್ಮನ್ನೇ ಕೇಳಿ ತಿಳಿದುಕೊಳ್ಳುತ್ತದೆ. 'ಮಾಸ್ ಎಫೆಕ್ಟ್'ನಲ್ಲಿ ಚಿತ್ರಕಥೆಯೊಂದನ್ನು ಓದುತ್ತಾ ಹಳೆಯ ತೀರ್ಮಾನಗಳನ್ನು ಆರಿಸಿಕೊಳ್ಳಬಹುದು.

• ಬೇರೆಯವರ ಸೇವ್ ತಂದು ಹಾಕಿಕೊಳ್ಳುವುದಕ್ಕಿಂತ ಈ ದಾರಿ ಮೇಲು. ಎಲ್ಲಿಂದಲೋ ಇಳಿಸಿದ ಫೈಲಿನಲ್ಲಿ ವೈರಸ್ ಇರಬಹುದು. ಇಲ್ಲದಿದ್ದರೂ ಆ ಸ್ನೇಹ, ದ್ವೇಷ ಯಾವುದೂ ನಿಮ್ಮದಲ್ಲ.

• 'ಜಿ.ಯು.' ಆಡಿದವರಿಗೆ ಗೊತ್ತು: ಅದರ ನಾಯಕ ಹಸೆಯೊ ಕಥೆಯ ಆರಂಭದಲ್ಲೇ 133ನೇ ಲೆವೆಲ್ಲಿನಿಂದ ಒಂದಕ್ಕೆ ಬೀಳುತ್ತಾನೆ. ಆಮೇಲಿನ ಅಷ್ಟೂ ಭಾಗಗಳು ಅವನು ಅಲ್ಲಿಂದ ಏಳುವ ಕಥೆ.

• ಅಪ್ಪ ಅಮ್ಮಂದಿರಿಗೂ ಒಂದು ಮಾತು. ಓದಲಿಲ್ಲವೆಂದು ಸಿಟ್ಟು ಬಂದರೆ ಕಂಟ್ರೋಲರ್ ಬೀರುವಿನಲ್ಲಿಟ್ಟು ಬೀಗ ಹಾಕಿ, ಪರೀಕ್ಷೆ ಮುಗಿದ ಮೇಲೆ ಕೊಡಿ. ಸೇವ್ ಅಳಿಸಬೇಡಿ. ಮಗು ತಿಂಗಳುಗಟ್ಟಲೆ ತಾಳ್ಮೆಯಿಂದ ಮಾಡಿದ ಕೆಲಸ ಅದು.

ಇಷ್ಟೆಲ್ಲ ಓದಿ ಒಂದೇ ಒಂದು ಮಾಡುವುದಾದರೆ ಇದನ್ನು ಮಾಡಿ: ಇವತ್ತು ರಾತ್ರಿ ಆಟ ನಿಲ್ಲಿಸುವ ಮುಂಚೆ ಸೇವ್‌ನ ಎರಡನೇ ಪ್ರತಿ ತೆಗೆಯಿರಿ, ಮತ್ತು ಆ ಪ್ರತಿ ತೆರೆಯುತ್ತದೆಯೇ ಎಂದು ಒಮ್ಮೆ ಪರೀಕ್ಷಿಸಿ ನೋಡಿ. ತೆರೆದು ನೋಡದ ಪ್ರತಿಯನ್ನು ಪ್ರತಿ ಎಂದು ಲೆಕ್ಕಕ್ಕೆ ಹಿಡಿಯಬೇಡಿ.