ಹಾಡು ಯಾರ ಸೇವೆಗೆ?

ಸಂಗೀತ ದೇವರು ಕೊಟ್ಟ ವರ. ಆದರೆ ದೇವರ ವರವನ್ನೂ ಮನುಷ್ಯ ಕೇಡಿಗೆ ಬಳಸಬಲ್ಲ.

ಬಾಬಿಲೋನಿಗೆ ಸೆರೆಯಾಗಿ ಹೋದವರ ಅಳಲನ್ನು 137ನೇ ಕೀರ್ತನೆಯಲ್ಲಿ ಓದುತ್ತೇವೆ. ಸೆರೆಹಿಡಿದವರು ತಮ್ಮ ವಿನೋದಕ್ಕಾಗಿ ಸಿಯೋನಿನ ಗೀತೆಗಳನ್ನು ಹಾಡಿರೆಂದು ಅವರನ್ನು ಪೀಡಿಸಿದರು. ನಾಡನ್ನು ಕಿತ್ತುಕೊಂಡವರಿಗೆ ಅವರ ಹಾಡೂ ಬೇಕಾಗಿತ್ತು.

ಎರಡನೇ ಮಹಾಯುದ್ಧದ ಕಾಲದಲ್ಲಿ ಇಂಥದೇ ಪೀಡನೆ ಮತ್ತೆ ನಡೆಯಿತು. ಜರ್ಮನಿಯ ವಶದಲ್ಲಿದ್ದ ಪೋಲೆಂಡಿನ ಆಶ್ವಿಟ್ಜ್ ಸೆರೆಶಿಬಿರದಲ್ಲಿ ನಾತ್ಸಿಗಳು ಕೈದಿಗಳಿಂದಲೇ ವಾದ್ಯವೃಂದಗಳನ್ನು ಕಟ್ಟಿಸಿದರು. ಬೆಳಿಗ್ಗೆ ಕೈದಿಗಳು ದುಡಿಮೆಗೆ ಹೊರಡುವಾಗ, ಸಂಜೆ ಬಳಲಿ ಹಿಂದಿರುಗುವಾಗ ಬಾಗಿಲ ಬಳಿ ಕವಾಯತಿನ ಸಂಗೀತ ನುಡಿಸಬೇಕಿತ್ತು. ತಾಳಕ್ಕೆ ಹೆಜ್ಜೆಯಿಡುವ ಸಾಲುಗಳನ್ನು ಎಣಿಸುವುದು ಕಾವಲುಗಾರರಿಗೆ ಸುಲಭವಾಗಿತ್ತು. 1943ರಲ್ಲಿ ಬಿರ್ಕೆನೌ ಮಹಿಳಾ ಶಿಬಿರದಲ್ಲೂ ವೃಂದವೊಂದು ಹುಟ್ಟಿತು. ಅದನ್ನು ನಡೆಸಿದ ಪಿಟೀಲು ವಾದಕಿ ಆಲ್ಮಾ ರೋಸೆ 1944ರಲ್ಲಿ ಅಲ್ಲಿಯೇ ತೀರಿಕೊಂಡರು. ಈ ಕಲಾವಿದರನ್ನು ದೂರಲು ನಾವು ಯಾರು? ನುಡಿಸಿದರೆ ಮಾತ್ರ ಬದುಕುವ ಆಸೆ ಅವರಿಗಿತ್ತು. ಪಾಪ ಅವರನ್ನು ಬಲವಂತಪಡಿಸಿದವರದು.

ಅದೇ ಆಶ್ವಿಟ್ಜಿನಲ್ಲಿ ಬೇರೊಂದು ಹಾಡೂ ಕೇಳಿಬಂದಿತ್ತು. 1941ರ ಜುಲೈ ಕೊನೆಯಲ್ಲಿ ಹತ್ತು ಮಂದಿ ಕೈದಿಗಳನ್ನು ಹಸಿವಿನಿಂದ ಸಾಯಿಸಲು ಆರಿಸಲಾಯಿತು. ಅವರಲ್ಲೊಬ್ಬ ಸಂಸಾರಸ್ಥನ ಬದಲಿಗೆ ಫ್ರಾನ್ಸಿಸ್ಕನ್ ಗುರು ಮ್ಯಾಕ್ಸಿಮಿಲಿಯನ್ ಕೋಲ್ಬೆ ತಾವೇ ಮುಂದೆ ಬಂದರು. ಆ ನೆಲಮಾಳಿಗೆಯಿಂದ ಪ್ರಾರ್ಥನೆ, ಭಕ್ತಿಗೀತೆಗಳು ಕೇಳಿಬರುತ್ತಿದ್ದವು, ಅಕ್ಕಪಕ್ಕದ ಕೋಣೆಗಳಲ್ಲಿದ್ದವರೂ ದನಿಗೂಡಿಸುತ್ತಿದ್ದರು ಎಂದು ಅಲ್ಲಿ ಕೆಲಸಕ್ಕಿದ್ದ ಕೈದಿಯೊಬ್ಬ ಸಾಕ್ಷ್ಯ ನುಡಿದಿದ್ದಾನೆ. ಆಗಸ್ಟ್ 14ರಂದು ಗುರುಗಳನ್ನು ವಿಷದ ಚುಚ್ಚುಮದ್ದು ಕೊಟ್ಟು ಕೊಲ್ಲಲಾಯಿತು. 1982ರಲ್ಲಿ ಜಗದ್ಗುರು ಎರಡನೇ ಜಾನ್ ಪೌಲರು ಅವರನ್ನು ಸಂತರೆಂದು ಸಾರಿದರು.

ಬಾಗಿಲ ಬಳಿಯ ಸಂಗೀತಕ್ಕೆ ಮನುಷ್ಯರು ಬರೀ ಎಣಿಕೆಯಾಗಿದ್ದರು. ನೆಲಮಾಳಿಗೆಯ ಹಾಡಿನಲ್ಲಿ ಸಾವಿಗೆ ಕಾದವರು ಒಬ್ಬರಿಗೊಬ್ಬರು ಸೋದರರಾದರು.

ಪ್ರಿಯ ತಂದೆತಾಯಂದಿರೇ, ನಮ್ಮ ಕಿವಿಗೂ ದಿನವೂ ನೂರು ಹಾಡುಗಳು ಬೀಳುತ್ತವೆ. ಮೆರವಣಿಗೆಯ ಧ್ವನಿವರ್ಧಕದಲ್ಲಿ, ಮಕ್ಕಳ ಮೊಬೈಲಿನಲ್ಲಿ, ಕೆಲವೊಮ್ಮೆ ನೆರೆಯವರನ್ನು ಕೆಣಕಲೆಂದೇ ಹಾಕಿದ ಹಾಡುಗಳೂ ಇರುತ್ತವೆ. ರಾಗ ಇಂಪಾಗಿದ್ದರೆ ಸಾಲದು. ಅದು ನಮ್ಮನ್ನು ಎತ್ತ ನಡೆಸುತ್ತಿದೆ ಎಂದು ನೋಡಬೇಕು.

ಮನೆಯಲ್ಲಿ ಚಿಂತಿಸಲು:

1. ನಾವು ಮೆಚ್ಚುವ ಹಾಡುಗಳಲ್ಲಿ ಯಾರನ್ನಾದರೂ ಹೀಯಾಳಿಸುವ ಮಾತಿದೆಯೇ?

2. ದೇವಾಲಯದಲ್ಲಿ ನಾವು ಹಾಡುವುದು ದೇವರ ಮಹಿಮೆಗೋ, ನಮ್ಮ ಮೆರೆದಾಟಕ್ಕೋ?

ಇಂದು ರಾತ್ರಿ ಜಪಸರದ ಬಳಿಕ, ಸೆರೆಯಲ್ಲಿರುವವರನ್ನು ನೆನೆದು ಮನೆಮಂದಿಯೆಲ್ಲ ಒಂದು ಗೀತೆ ಹಾಡಿರಿ. ದನಿ ಒಡೆದಿದ್ದರೂ ಚಿಂತೆಯಿಲ್ಲ.